ನಗಿಸುವವನ ಕೊನೆಯ ಚಿತ್ರ ಮಾತ್ರ ನೋಡಿದ ಗೆಳೆಯನಿಗೆ

ಪ್ರಿಯ ಶ್ರೀಧರ,

‘ಇಲ್ ಪೊಸ್ತಿನೊ’ (ಅಂಚೆಯವನು) ಎಂಬ ಇಟಾಲಿಯನ್ ಚಿತ್ರ ನೋಡಿ ಬರೆದ ನಿನ್ನ ಪತ್ರ ತಲುಪಿತು. ಕವಿ ನೆರೂಡಾಗೆ ಟಪಾಲು ಒಯ್ಯುವ ಆ ಪೆಚ್ಚು ಮುಖದವನನ್ನು ಹೊಗಳುತ್ತಾ, ‘ಎಂಥ ದುರಂತ ನಟ’ ಎಂದಿದ್ದೀಯ. ನನ್ನ ತಕರಾರು ಅಲ್ಲೇ ಇರುವುದು. ಆ ಪಾತ್ರ ಮಾಡಿದ ಮಾಸ್ಸಿಮೊ ತ್ರೊಯಿಸಿ ಇಟಲಿಯನ್ನು ಹೊಟ್ಟೆ ಹುಣ್ಣಾಗುವಂತೆ ನಗಿಸಿದವನು ಮಾರಾಯ!

ಹುಟ್ಟಿದ್ದು 1953ರಲ್ಲಿ, ನೇಪಲ್ಸ್ ಪಕ್ಕದ ಸಾನ್ ಜೋರ್ಜೊ ಅ ಕ್ರೆಮಾನೊದಲ್ಲಿ. ತಂದೆ ರೈಲ್ವೆ ನೌಕರ. ಎಳವೆಯಲ್ಲಿ ಬಂದ ಸಂಧಿವಾತ ಜ್ವರ ಹೃದಯದ ಕವಾಟವನ್ನು ಕೆಡಿಸಿತು. 1976ರಲ್ಲಿ ಅಮೆರಿಕಕ್ಕೆ ಹೋಗಿ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡ. ಲೆಲ್ಲೊ ಅರೇನಾ, ಎನ್ಜೊ ದೆಕಾರೊ ಜೊತೆ ಕಟ್ಟಿದ ‘ಲಾ ಸ್ಮೋರ್ಫಿಯಾ’ ಹಾಸ್ಯ ತಂಡ ರಂಗದಿಂದ ಟಿವಿಗೆ ಬಂದಾಗ ಹೆಸರು ಮನೆಮನೆಗೆ ಹೋಯಿತು.

1981ರಲ್ಲಿ ತಾನೂ ಕೂಡಿ ಬರೆದು, ತಾನೇ ನಿರ್ದೇಶಿಸಿ, ನಾಯಕನಾದ ‘ರಿಕೊಮಿಂಚೊ ದಾ ತ್ರೆ’ (ಮೂರರಿಂದ ಮತ್ತೆ ಶುರುಮಾಡುತ್ತೇನೆ) ಚಿತ್ರವನ್ನು ನೀನು ನೋಡಲೇಬೇಕು. ಗಾಯೆತಾನೊ ಎಂಬ ಯುವಕ ನೇಪಲ್ಸ್ ಬಿಟ್ಟು ಫ್ಲಾರೆನ್ಸಿಗೆ ಹೊರಡುತ್ತಾನೆ. ಬದುಕನ್ನು ಸೊನ್ನೆಯಿಂದ ಶುರುಮಾಡುವುದಲ್ಲವೇ ಎಂದು ಗೆಳೆಯ ಕೇಳಿದರೆ, ‘ಇಲ್ಲ, ಮೂರರಿಂದ’ ಎನ್ನುತ್ತಾನೆ. ಜೀವನದಲ್ಲಿ ಮೂರು ಕೆಲಸವಾದರೂ ಸರಿಯಾಗಿ ಆಗಿವೆಯಂತೆ, ಅವನ್ನೇಕೆ ಕಳೆದುಕೊಳ್ಳಬೇಕು! ಹೋದಲ್ಲೆಲ್ಲ ಜನ ಕೇಳುವುದು ಒಂದೇ, ‘ವಲಸೆ ಬಂದವನಾ?’ ಸುಮ್ಮನೆ ತಿರುಗಾಡಲು ಬಂದೆ ಎಂದರೆ ಯಾರೂ ನಂಬುವುದಿಲ್ಲ. ನೇಪಲ್ಸಿನವನು ಊರು ಬಿಟ್ಟನೆಂದರೆ ಕೂಲಿಗೇ ಇರಬೇಕು ಎಂಬುದು ಅವರ ಲೆಕ್ಕ. ಸಿಟ್ಟು ಬರಬೇಕಾದ ವಿಷಯವನ್ನು ಸಂಕೋಚದಿಂದ, ಅರ್ಧ ಮಾತು ನುಂಗಿಕೊಂಡು ಹೇಳುವುದೇ ಅವನ ವರಸೆ. ಗಲಾಟೆ, ಹಾಡು, ಚಾಲಾಕಿತನ ಎಂದು ಸಿನಿಮಾ ತೋರಿಸುತ್ತಿದ್ದ ನೇಪಲ್ಸಿಗೆ ತ್ರೊಯಿಸಿ ಒಬ್ಬ ಪುಕ್ಕಲು ನಾಯಕನನ್ನು ಕೊಟ್ಟ.

ಆ ತಡವರಿಕೆ ಕಂಡು ಎಲ್ಲವೂ ಆ ಕ್ಷಣಕ್ಕೆ ಹುಟ್ಟಿದ್ದು ಎಂದುಕೊಳ್ಳಬೇಡ. ಕೊನೆಯ ದೃಶ್ಯ ನೋಡು. ಪ್ರೇಯಸಿ ಬಸುರಿ, ಮಗು ತನ್ನದೋ ಅಲ್ಲವೋ ಗೊತ್ತಿಲ್ಲ. ಇಬ್ಬರೂ ಚರ್ಚಿಸುವುದು ಹೆಸರಿನ ಬಗ್ಗೆ. ಮಾಸ್ಸಿಮಿಲಿಯಾನೊ ಎಂದಿಟ್ಟರೆ ತಾಯಿ ಕೂಗಿ ಮುಗಿಸುವಷ್ಟರಲ್ಲಿ ಹುಡುಗ ಓಡಿಹೋಗಿರುತ್ತಾನೆ, ಕೆಟ್ಟುಹೋಗುತ್ತಾನೆ. ಉಗೊ ಎಂದರೆ ಅಲ್ಲೇ ನಿಲ್ಲುತ್ತಾನೆ, ಇದು ಗಾಯೆತಾನೊನ ವಾದ. ಆಡಲಾಗದ ಮಾತನ್ನು ಇಂಥ ಹುಚ್ಚು ವಾದದ ಕೆಳಗೆ ಅಡಗಿಸಿಟ್ಟದ್ದು ಬರಹಗಾರನ ಕೈಚಳಕ. ತ್ರೊಯಿಸಿ ಜೊತೆ ಕೂತು ಬರೆದವಳು ಆನ್ನಾ ಪವಿನ್ಯಾನೊ. ‘ಪೊಸ್ತಿನೊ’ದವರೆಗೂ ಆ ಜೋಡಿ ಬರವಣಿಗೆ ಉಳಿಯಿತು. ಇಷ್ಟಾಗಿಯೂ ಅವಳನ್ನು ನೆನೆಯುವವರು ಕಡಿಮೆ.

1984ರಲ್ಲಿ ಹಾಸ್ಯನಟ ರೊಬೆರ್ತೊ ಬೆನಿನ್ಯಿ ಜೊತೆ ಸೇರಿ ಮಾಡಿದ ಚಿತ್ರದಲ್ಲಿ ಇಬ್ಬರು ಗೆಳೆಯರು ಕಾಲದಲ್ಲಿ ಹಿಂದೆ, 1492ನೇ ಇಸವಿಗೆ ಹೋಗಿ ಬೀಳುತ್ತಾರೆ. ಕಥೆ ತೀರಾ ತೆಳು, ನಗುವಿಗೆ ಮಾತ್ರ ಬರವಿಲ್ಲ. ಸನ್ಯಾಸಿಯೊಬ್ಬ ‘ನೀನು ಸಾಯಲೇಬೇಕು, ನೆನಪಿಡು’ ಎಂದು ಗದರುತ್ತಾನೆ. ತ್ರೊಯಿಸಿ, ‘ಆಯ್ತು, ಆಯ್ತು, ಈಗಲೇ ಬರೆದುಕೊಳ್ಳುತ್ತೇನೆ’ ಎನ್ನುತ್ತಾನೆ. ಅವನ ಎದೆಯ ಕಥೆ ಗೊತ್ತಿದ್ದವರಿಗೆ ಆ ತಮಾಷೆ ಸ್ವಲ್ಪ ಚುಚ್ಚುತ್ತದೆ.

1987 ಮತ್ತು 1991ರಲ್ಲಿ ಅವನು ನಿರ್ದೇಶಿಸಿದ ಚಿತ್ರಗಳನ್ನು ಆಮೇಲೆ ನೋಡಿದರೂ ನಡೆಯುತ್ತದೆ. ನಡುವೆ ನಿರ್ದೇಶಕ ಎತ್ತೊರೆ ಸ್ಕೋಲಾ ಅವನಿಂದ ಬೇರೆಯದೇ ಕೆಲಸ ತೆಗೆದ; ಒಂದು ಚಿತ್ರದಲ್ಲಿ ತಂದೆಯಾಗಿ ಮಾರ್ಚೆಲ್ಲೊ ಮಾಸ್ತ್ರೊಯಾನ್ನಿ, ಮಗನಾಗಿ ಇವನು. 1989ರ ವೆನಿಸ್ ಉತ್ಸವ ಇಬ್ಬರಿಗೂ ಸೇರಿಸಿ ಶ್ರೇಷ್ಠ ನಟ ಪ್ರಶಸ್ತಿ ಕೊಟ್ಟಿತು.

‘ಪೊಸ್ತಿನೊ’ ಹೊತ್ತಿಗೆ ಹೃದಯ ಸೋತಿತ್ತು. ಚಿಕಿತ್ಸೆ ಮುಂದೂಡಿ, ದಿನಕ್ಕೆ ಸ್ವಲ್ಪ ಹೊತ್ತು ಮಾತ್ರ ಕ್ಯಾಮೆರಾ ಮುಂದೆ ನಿಂತ. ದೂರದ ದೃಶ್ಯಗಳಿಗೆ ಅವನನ್ನು ಹೋಲುವ ಬದಲಿಯೊಬ್ಬನಿದ್ದ. ಚಿತ್ರೀಕರಣ ಮುಗಿದ ಮರುದಿನವೇ, 1994ರ ಜೂನ್ 4ರಂದು, ತೀರಿಕೊಂಡ. ವಯಸ್ಸು 41. ಮರಣಾನಂತರ ಆಸ್ಕರ್‌ಗೆ ನಟನೆಗೊಮ್ಮೆ, ಚಿತ್ರಕಥೆಗೊಮ್ಮೆ ಎರಡೂ ವಿಭಾಗಗಳಲ್ಲಿ ಅವನ ಹೆಸರು ನಾಮನಿರ್ದೇಶನವಾಯಿತು.

1981ರ ಚಿತ್ರ ನೋಡುವಾಗ ಒಂದು ಎಚ್ಚರಿಕೆ. ಅವನು ಅರ್ಧಕ್ಕೆ ಬಿಟ್ಟ ಮಾತನ್ನು ಸಬ್‌ಟೈಟಲ್ ಅಚ್ಚುಕಟ್ಟಾಗಿ ಪೂರ್ತಿ ಮಾಡಿಬಿಡುತ್ತದೆ. ಅಂಥ ಕಡೆ ಅಕ್ಷರ ಬಿಟ್ಟು ಅವನ ಕೈಗಳನ್ನು ನೋಡು.

ನಿನ್ನ,
ರಘು