ಹೊಡೆಯದ ಪಿಎಸ್‌ಐ

ಚಿರಂಜೀವಿ ಪುಟ್ಟಿಗೆ ದೊಡ್ಡಪ್ಪನ ಆಶೀರ್ವಾದಗಳು.

ಊರಿನ ಸುದ್ದಿ ನಿಮ್ಮಮ್ಮ ಹೇಳಿರುತ್ತಾಳೆ, ಬಿಡು. ನಿನ್ನ ಪತ್ರದ ಒಂದು ಸಾಲು ನನ್ನ ನಿದ್ದೆ ಕೆಡಿಸಿದೆ. ‘ಹೊಡೆಯದಿದ್ದರೆ ನನ್ನನ್ನು ಪಿಎಸ್‌ಐ ಅಂತ ಯಾರೂ ಲೆಕ್ಕಕ್ಕೇ ಇಡಲ್ಲವೇನೋ’ ಅಂದಿದ್ದೀಯ. ಸರ ಕಳೆದುಕೊಂಡ ಹೆಂಗಸು, ಟೀವಿಯಲ್ಲಾದರೆ ಎರಡೇಟಿಗೆ ಬಾಯಿ ಬಿಡಿಸುತ್ತಾರೆ ಅಂದಳಂತೆ.

ಆಕೆಯನ್ನೇನು ಬೈಯುವುದು? ‘ಸಿಐಡಿ’ ಧಾರಾವಾಹಿ 1998ರಿಂದ 20 ವರ್ಷ ಓಡಿತು. ಅದರ ಇನ್ಸ್‌ಪೆಕ್ಟರ್ ದಯಾ ಬಾಗಿಲು ಒಡೆಯುತ್ತಿದ್ದ, ಕೆನ್ನೆಗೊಂದು ಬಿಡುತ್ತಿದ್ದ, ಆರೋಪಿ ಒಪ್ಪಿಕೊಳ್ಳುತ್ತಿದ್ದ, ಕಥೆ ಮುಗಿಯಿತು. ನಮ್ಮ ಕೆಲಸ ಶುರುವಾಗುವುದೇ ಆಮೇಲೆ, ಅಲ್ವಾ? ಪೊಲೀಸರ ಮುಂದೆ ಒಪ್ಪಿಕೊಂಡದ್ದು ಕೋರ್ಟಿನಲ್ಲಿ ಸಾಕ್ಷಿಯಾಗುವುದಿಲ್ಲ. ಆ ಮಾತಿನಿಂದ ಮಾಲು ಸಿಕ್ಕರೆ ಅಷ್ಟು ಭಾಗಕ್ಕೆ ಮಾತ್ರ ಬೆಲೆ. ಸಾಕ್ಷಿಗೆ ಪಂಚರನ್ನು ಹುಡುಕಿ ಮಹಜರು ಬರೆಯುವುದು, ಮಡಿವಾಳದ ಎಫ್‌ಎಸ್‌ಎಲ್ ಲ್ಯಾಬಿನ ವರದಿಗೆ ಕಾಯುವುದು, ಇದನ್ನೆಲ್ಲ ತೋರಿಸಿದರೆ ಯಾರು ನೋಡುತ್ತಾರೆ?

ನನಗೆ ಹೆದರಿಕೆ ಆ ಹೆಂಗಸಿನ ಮಾತಿನದಲ್ಲ. ಅದು ನಿನ್ನೊಳಗೆ ಇಳಿಯಿತಲ್ಲ, ಅದರದು. 2019ರಲ್ಲಿ ಹೈದರಾಬಾದ್ ಹತ್ತಿರ ನಾಲ್ವರು ಆರೋಪಿಗಳು ಪೊಲೀಸರ ಗುಂಡಿಗೆ ಸತ್ತಾಗ ಜನ ಆ ಪೊಲೀಸರ ಮೇಲೆ ಹೂ ಸುರಿದರು. 2022ರಲ್ಲಿ ಸುಪ್ರೀಂ ಕೋರ್ಟ್ ನೇಮಿಸಿದ ಆಯೋಗ, ಕೊಲ್ಲಬೇಕೆಂದೇ ಹಾರಿಸಿದ ಗುಂಡು ಅದು, 10 ಪೊಲೀಸರ ಮೇಲೆ ಕೊಲೆ ಕೇಸು ನಡೆಯಲಿ ಅಂದಿತು. ಹೂ ಸುರಿದವರು ಕಟಕಟೆಗೆ ಜೊತೆಯಲ್ಲಿ ಬರುವುದಿಲ್ಲ ಮಗಳೇ.

1989ರಲ್ಲಿ ದೂರದರ್ಶನದಲ್ಲಿ, ಹೆಣ್ಣೊಬ್ಬಳು ಪೊಲೀಸ್ ಅಧಿಕಾರಿಯಾಗುವ ಕಥೆಯ ‘ಉಡಾನ್’ ಧಾರಾವಾಹಿ ಶುರುವಾಯಿತು. ಅದನ್ನು ಕವಿತಾ ಚೌಧರಿ ತನ್ನಕ್ಕ, ಐಪಿಎಸ್ ಅಧಿಕಾರಿ ಕಾಂಚನ್ ಅವರ ಬದುಕನ್ನು ನೋಡಿಯೇ ಮಾಡಿದ್ದು. ನಿನ್ನ ದೊಡ್ಡಮ್ಮ ಅದನ್ನು ಕಣ್ಣು ಮಿಟುಕಿಸದೆ ನೋಡುತ್ತಿದ್ದಳು. ಪಕ್ಕದಲ್ಲೇ ಕೂತ ನಾನು ಠಾಣೆಯ ಮಾತೇ ಆಡಿದವನಲ್ಲ. ಠಾಣೆಯ ರೈಟರ್ ಆಗಿ ದೂರು, ಹೇಳಿಕೆ ಬರೆದೂ ಬರೆದೂ ಬೆರಳು ಸವೆದದ್ದು ಮಕ್ಕಳಿಗೆ ಗೊತ್ತೇ ಇಲ್ಲ. ಅಪ್ಪನ ಕೆಲಸ ಏನು ಅಂತ ಅವರೂ ಟೀವಿ ನೋಡಿಯೇ ತಿಳಿದರು. ಹೇಳಬೇಕಿತ್ತು ಅಂತ ಈಗ ಅನ್ನಿಸುತ್ತದೆ.

ಹೊಡೆಯದಿದ್ದರೆ ಲೆಕ್ಕಕ್ಕಿಲ್ಲ ಅಂತ ಇನ್ನೊಮ್ಮೆ ಬರೆಯಬೇಡ, ಓದಲಾಗುವುದಿಲ್ಲ. ಆಕೆಗೆ ಎಫ್‌ಐಆರ್ ಪ್ರತಿ ಕೊಟ್ಟಿದ್ದೀಯ ತಾನೇ? ನಿನಗೆ ಗೊತ್ತಿರುತ್ತದೆ, ಮುದುಕ ಸುಮ್ನೆ ಕೇಳುತ್ತಿದ್ದೇನೆ. ತನಿಖೆ ಎಲ್ಲಿಗೆ ಬಂತು ಅಂತ 90 ದಿನದೊಳಗೆ ತಿಳಿಸಬೇಕೆಂದು ಹೊಸ ಕಾನೂನು ಹೇಳುತ್ತದೆ. ಅಷ್ಟು ದಿನ ಕಾಯಿಸಬೇಡ, ನಾಳೆಯೇ ಫೋನ್ ಮಾಡು. ಏನೂ ಸಿಕ್ಕಿಲ್ಲ ಅಂತಾದರೂ ಹೇಳು.

ಆಕೆ ಏನಂದಳು ಅಂತ ನನಗೆ ಬರಿ. ಫೋನ್ ಬೇಡ, ಕಿವಿ ಸರಿಯಾಗಿ ಕೇಳಿಸುವುದಿಲ್ಲ.

ಇಂತಿ,
ನಿನ್ನ ದೊಡ್ಡಪ್ಪ