ಮಗಳಿಗೊಂದು ಪತ್ರ: ಶೂ ಡಬ್ಬಿಯ ಲೆಕ್ಕ

ಪ್ರೀತಿಯ ಪುಟ್ಟಿ,

ಭಾನುವಾರ ನೀನು ಫೋನ್ ಇಟ್ಟ ಮೇಲೆ ನಿಮ್ಮಮ್ಮ ಎರಡು ದಿನ ನನ್ನ ಜೊತೆ ಸರಿಯಾಗಿ ಮಾತಾಡಲಿಲ್ಲ. ನಾನು ಕೇಳಿದ್ದು ಇಷ್ಟೇ, "ಬರೆದು ಹೊಟ್ಟೆ ತುಂಬುತ್ತಾ?" ಅಂತ. ವಾರಕ್ಕೆ ಮೂರೇ ದಿನ ಕೆಲಸಕ್ಕೆ ಹೋಗಿ, ಉಳಿದ ದಿನ ಕೂತು ಕಾದಂಬರಿ ಬರೆಯುತ್ತೇನೆ ಅಂತ ಮಗಳು ಹೇಳಿದರೆ ಯಾವ ಅಪ್ಪನಾದರೂ ಕೇಳುತ್ತಾನೆ. ಆದರೆ ಕೇಳಿದ ದನಿ ಸರಿ ಇರಲಿಲ್ಲ, ಒಪ್ಪುತ್ತೇನೆ. ಮತ್ತೆ ಫೋನ್ ಮಾಡಿದರೆ ಮತ್ತೆ ಜಗಳವೇ ಆಗುತ್ತೆ, ಅದಕ್ಕೇ ಕಾಗದ.

ಮಂಗಳವಾರ ಒಂದು ವಿಷಯ ನಡೆಯಿತು. ಈಗ ಟ್ಯಾಕ್ಸ್ ಸೀಸನ್ ಅಲ್ವಾ, ಬೇಸ್‌ಮೆಂಟಿನ ನನ್ನ ಆಫೀಸಿಗೆ ಅರವತ್ತು ದಾಟಿದ ಒಬ್ಬ ಹೆಂಗಸು ಬಂದರು. ಶಾಲೆಯ ಬಸ್ ಓಡಿಸುತ್ತಾರೆ. ಒಂದು ಶೂ ಡಬ್ಬಿಯ ತುಂಬ ರಸೀದಿಗಳು, ಅದರ ನಡುವೆ ಕಲೆಗಳಿಗೆ ದುಡ್ಡು ಕೊಡುವ ಸರ್ಕಾರಿ ಸಂಸ್ಥೆ ಕೆನಡಾ ಕೌನ್ಸಿಲ್‌ನಿಂದ ಬಂದ ಒಂದು ಟಿ4ಎ ಸ್ಲಿಪ್, ಅಂದರೆ ಆದಾಯ ತೋರಿಸುವ ಟ್ಯಾಕ್ಸ್ ಚೀಟಿ. ಇದೇನು ಅಂದೆ. "ಲೈಬ್ರರಿಗಳಲ್ಲಿ ನನ್ನ ಪುಸ್ತಕಗಳು ಇವೆಯಲ್ಲ, ಅದಕ್ಕೆ ವರ್ಷಕ್ಕೊಮ್ಮೆ ಕೊಡುವ ದುಡ್ಡು" ಅಂದರು. ಕವಯಿತ್ರಿಯಂತೆ! ಇಷ್ಟು ವರ್ಷದಿಂದ ಈ ಕೆನಡಾದಲ್ಲಿ ಬೇರೆಯವರ ಲೆಕ್ಕ ಬರೆಯುತ್ತಿದ್ದೇನೆ, ಇಂಥದೊಂದು ಆದಾಯ ಇದೆ ಅಂತಲೇ ನನಗೆ ಗೊತ್ತಿರಲಿಲ್ಲ. ಅವತ್ತೇ ಸಂಜೆ ಲೈಬ್ರರಿಗೆ ಹೋಗಿ ನಾಲ್ಕು ಪುಸ್ತಕ ಹೊತ್ತು ತಂದೆ. ಸಾಹಿತ್ಯದ ಒಳಗುಟ್ಟು ನನಗೆ ತಿಳಿಯದು, ಯಾರಿಗೆ ಎಲ್ಲಿಂದ ದುಡ್ಡು ಬಂತು ಅಂತಷ್ಟೇ ನೋಡುತ್ತಾ ಹೋದೆ.

ನಾನು ಕೇಳಿದ ಪ್ರಶ್ನೆ ಹೊಸದೇನಲ್ಲ, ಪುಟ್ಟಿ. ಸುಸಾನಾ ಮೂಡಿ ಅಂತ ಒಬ್ಬಾಕೆ 1832ರಲ್ಲಿ ಇಂಗ್ಲೆಂಡಿನಿಂದ ಇಲ್ಲಿಗೆ ಬಂದಳು. ಪೀಟರ್‌ಬರೋಗೆ ದೋಣಿಗಳನ್ನು ಎತ್ತಿ ಇಳಿಸುವ ಲಿಫ್ಟ್ ಲಾಕ್ ನೋಡಲು ಹೋಗಿದ್ದೆವಲ್ಲ, ಅದರ ಆಚೆಯ ಕಾಡಿನಲ್ಲಿ ಮನೆ. ಗಂಡ ದಂಗೆ ಅಡಗಿಸುವ ಪಡೆಗೆ ಹೋದ, ಮನೆ ತುಂಬ ಸಣ್ಣ ಮಕ್ಕಳು, ಕೈಯಲ್ಲಿ ಕಾಸಿಲ್ಲ. ಮಾಂಟ್ರಿಯಲ್‌ನ ಒಂದು ಪತ್ರಿಕೆಯವರು ಬರೆದು ಕಳಿಸಿ, ದುಡ್ಡು ಕೊಡುತ್ತೇವೆ ಅಂದರು. ಮೇಣದ ಬತ್ತಿ ಕೊಳ್ಳುವ ಶಕ್ತಿ ಇಲ್ಲದೆ ಹಳೆ ಬಟ್ಟೆ ಹೊಸೆದು, ಹಂದಿ ಕೊಬ್ಬಿನಲ್ಲಿ ಅದ್ದಿ, ಬಾಟಲಿಯಲ್ಲಿ ಸಿಕ್ಕಿಸಿ ಹಚ್ಚಿಕೊಂಡು ಮಕ್ಕಳು ಮಲಗಿದ ಮೇಲೆ ಬರೆದಳಂತೆ. ಮೊದಲ 20 ಡಾಲರ್ ನೋಟು ಬಂದಾಗ ಅತ್ತುಬಿಟ್ಟೆ ಅಂತ ಅವಳೇ ಬರೆದುಕೊಂಡಿದ್ದಾಳೆ. ಅದು ಸಾಲದು ಅಂತ ಮರದ ದೊಡ್ಡ ಅಣಬೆಗಳ ಮೇಲೆ ಹಕ್ಕಿ, ಚಿಟ್ಟೆ ಬಿಡಿಸಿ ಮಾರಿದಳು. ಅಣಬೆಯ ಮೇಲೆ! ನಿಮ್ಮಮ್ಮನಿಗೆ ಓದಿ ಹೇಳಿದೆ, ಅವಳು ನನ್ನ ಜೊತೆ ಮತ್ತೆ ಮಾತಾಡಿದ್ದು ಆಗಲೇ.

ನಿನ್ನ ಹ್ಯಾಲಿಫ್ಯಾಕ್ಸ್‌ನಲ್ಲೂ ಒಬ್ಬಳಿದ್ದಳು. ಎಲ್. ಎಂ. ಮಾಂಟ್ಗೊಮೆರಿ, ನೀನು ಹತ್ತು ವರ್ಷದವಳಿದ್ದಾಗ ತಲೆದಿಂಬಿನ ಕೆಳಗೆ ಇಟ್ಟುಕೊಂಡು ಮಲಗುತ್ತಿದ್ದ 'ಆನ್ ಆಫ್ ಗ್ರೀನ್ ಗೇಬಲ್ಸ್' ಬರೆದವಳು. 1901ರಲ್ಲಿ ಅಲ್ಲಿಯ 'ಡೈಲಿ ಎಕೋ' ಪತ್ರಿಕೆಯಲ್ಲಿ ಕರಡು ತಿದ್ದುವ ಕೆಲಸ, ವಾರಕ್ಕೆ 5 ಡಾಲರ್ ಸಂಬಳ. ಒಮ್ಮೆ ಧಾರಾವಾಹಿಯ ಪ್ರತಿ ಪ್ರೆಸ್ಸಿನಲ್ಲಿ ಎಲ್ಲೋ ಕಳೆದುಹೋದಾಗ, ಉಳಿದ ಕಥೆ ನೀನೇ ಬರೆದು ಮುಗಿಸಮ್ಮಾ ಅಂದರಂತೆ. ರಾಜಮನೆತನದವರ ಪ್ರೇಮಕಥೆ ಅದು, ಇವಳು ಅಂಥವರನ್ನು ಕಂಡವಳೇ ಅಲ್ಲ. ಬರೆದು ಮುಗಿಸಿದಳು. ಪೂರ್ತಿ ನಿಶ್ಶಬ್ದ ಇದ್ದರೆ ಮಾತ್ರ ಬರೆಯಲು ಆಗುತ್ತೆ ಅಂದುಕೊಂಡಿದ್ದವಳು, ಆ ಆಫೀಸಿನ ಗಲಾಟೆಯ ನಡುವೆಯೇ ಕಥೆ ಬರೆಯುವುದನ್ನು ಕಲಿತಳು.

ಆಮೇಲಿನದು ನನ್ನ ಕಸುಬಿಗೆ ಹತ್ತಿರದ ಕಥೆ. 'ಆನ್' ಹಸ್ತಪ್ರತಿ ನಾಲ್ಕೈದು ಪ್ರಕಾಶಕರಿಂದ ವಾಪಸ್ ಬಂದು ಟೋಪಿ ಡಬ್ಬಿಯಲ್ಲಿ ಬಿದ್ದಿತ್ತು. ಕೊನೆಗೆ ಬಾಸ್ಟನ್ನಿನ ಪೇಜ್ ಕಂಪನಿ ಒಪ್ಪಿತು, 1908ರಲ್ಲಿ ಪುಸ್ತಕ ಬಂತು. ಒಪ್ಪಂದದಲ್ಲಿ ಹತ್ತು ಪರ್ಸೆಂಟ್ ಅಂತ ಇತ್ತು. ಆದರೆ ಅದು ಅಂಗಡಿಯ ಬೆಲೆಯ ಮೇಲಲ್ಲ, ಸಗಟು ಬೆಲೆಯ ಮೇಲೆ. ಅಂದರೆ ಒಂದು ಪ್ರತಿಗೆ 9 ಸೆಂಟು. ಜೊತೆಗೆ ಇನ್ನು ಐದು ವರ್ಷ ಏನು ಬರೆದರೂ ಇದೇ ಷರತ್ತಿನ ಮೇಲೆ ಅವರಿಗೇ ಕೊಡಬೇಕು. ಪುಸ್ತಕ ಹಾಕಿದರೆ ಸಾಕು ಅನ್ನುವ ಖುಷಿಯಲ್ಲಿ ಸಹಿ ಹಾಕಿಬಿಟ್ಟಳು. ಬೇಸತ್ತು 1919ರಲ್ಲಿ ಅವರು ಹಾಕಿದ ಪುಸ್ತಕಗಳಲ್ಲಿ ತನಗಿದ್ದ ಹಕ್ಕುಗಳನ್ನೆಲ್ಲ ಒಂದೇ ಮೊತ್ತಕ್ಕೆ ಅವರಿಗೇ ಮಾರಿದಳು, ಅದೇ ವರ್ಷ 'ಆನ್' ಸಿನಿಮಾ ಆಯಿತು, ಅದರಲ್ಲಿ ಇವಳಿಗೆ ಒಂದು ಕಾಸೂ ಇಲ್ಲ. ಅದೇ ಕಂಪನಿಯ ಮೇಲೆ ಹಾಕಿದ ಕೇಸು ಎಂಟೊಂಬತ್ತು ವರ್ಷ ಎಳೆಯಿತು. ಗೆದ್ದಳು, ಆದರೆ ಆ ವರ್ಷಗಳು ಹೋದವಲ್ಲ. ಇದನ್ನು ಓದಿ ರಾತ್ರಿ ನಿದ್ದೆ ಬರಲಿಲ್ಲ ನನಗೆ. ಒಬ್ಬ ಅಕೌಂಟೆಂಟ್ ಅಣ್ಣ ಇದ್ದಿದ್ದರೆ!

ಫ್ರೆಂಚ್ ಭಾಷೆಯವರ ದಾರಿ ಬೇರೆ, ಅದನ್ನು ನಾನು ಜಾಸ್ತಿ ಓದಿಲ್ಲ. ಗೇಬ್ರಿಯಲ್ ರಾಯ್ ಶಾಲಾ ಟೀಚರ್ ಆಗಿದ್ದು, ಆಮೇಲೆ ಪತ್ರಿಕೆಗಳಿಗೆ ಬರೆದು ಬದುಕಿದವರು ಅಂತಷ್ಟು ಗೊತ್ತಾಯಿತು.

ದೊಡ್ಡ ಬದಲಾವಣೆ ಬಂದದ್ದು ಯುದ್ಧದ ನಂತರ. 1948ರಲ್ಲಿ ಇಂಗ್ಲಿಷ್ ಕೆನಡಾದಲ್ಲಿ ಇಡೀ ವರ್ಷಕ್ಕೆ ಬಂದ ಕಥೆ, ಕಾದಂಬರಿ ಪುಸ್ತಕಗಳು ಬರೀ 14 ಅಂತ ಸರ್ಕಾರದ ಮ್ಯಾಸಿ ಆಯೋಗ ಲೆಕ್ಕ ಕೊಟ್ಟಿತು. ಕಲೆಗೆ ಸರ್ಕಾರವೇ ದುಡ್ಡು ಕೊಡಬೇಕು ಅಂತಲೂ ಹೇಳಿತು. ವರದಿ 1951ರಲ್ಲಿ ಬಂತು, ನಮ್ಮೂರ ಫೈಲುಗಳ ಹಾಗೆ ಕೂತಿತು. ಅಷ್ಟರಲ್ಲಿ ಇಬ್ಬರು ಕೋಟ್ಯಧೀಶರು, ಕಿಲಂ ಮತ್ತು ಡನ್, ಸ್ವಲ್ಪ ಅಂತರದಲ್ಲಿ ತೀರಿಕೊಂಡರು. ಅವರ ಆಸ್ತಿಯ ಮೇಲಿನ ವಾರಸುದಾರಿಕೆ ತೆರಿಗೆಯೇ ಸುಮಾರು 10 ಕೋಟಿ ಡಾಲರ್. ಅದರಲ್ಲಿ 5 ಕೋಟಿಯನ್ನು ಮೂಲನಿಧಿಯಾಗಿ ಇಟ್ಟು 1957ರಲ್ಲಿ ಕೆನಡಾ ಕೌನ್ಸಿಲ್ ಶುರು ಮಾಡಿದರು. ಡಾಲ್‌ಹೌಸಿ ಯೂನಿವರ್ಸಿಟಿಯಲ್ಲಿ ನೀನು ರಾತ್ರಿಯೆಲ್ಲ ಕೂತು ಓದುತ್ತಿದ್ದ ಕಿಲಂ ಲೈಬ್ರರಿ ಇದೆಯಲ್ಲ, ಅದೇ ಕಿಲಂ. ತೆರಿಗೆ ಅಂದರೆ ಮೂಗು ಮುರಿಯುವ ನನ್ನ ಗ್ರಾಹಕರಿಗೆಲ್ಲ ಈಗ ಈ ಕಥೆ ಹೇಳುತ್ತಿದ್ದೇನೆ.

ಆ ಕೌನ್ಸಿಲ್‌ನಿಂದ ಏನಾಯಿತು ಅಂತ ಒಂದು ಉದಾಹರಣೆ ಕೊಡುತ್ತೇನೆ. ರೊಹಿಂಟನ್ ಮಿಸ್ತ್ರಿ 1975ರಲ್ಲಿ ಮುಂಬೈಯಿಂದ ಬಂದವರು, ನಮ್ಮ ಹಾಗೆಯೇ. ಟೊರಾಂಟೊದಲ್ಲಿ ಬ್ಯಾಂಕ್ ಗುಮಾಸ್ತರಾಗಿ ಹತ್ತು ವರ್ಷ ದುಡಿದರು. ಸಂಜೆ ಕಾಲೇಜು, ಬಿಡುವಿನಲ್ಲಿ ಕಥೆ. ಕೌನ್ಸಿಲ್ ಅನುದಾನ ಸಿಕ್ಕ ಮೇಲೆಯೇ, 1985ರಲ್ಲಿ, ಬ್ಯಾಂಕ್ ಬಿಟ್ಟರು. 1991ರಲ್ಲಿ ಮೊದಲ ಕಾದಂಬರಿಗೆ ಗವರ್ನರ್ ಜನರಲ್ ಪ್ರಶಸ್ತಿ. ಕವಿ ಆಲ್ ಪರ್ಡಿ ಹಾಸಿಗೆ ಕಾರ್ಖಾನೆಯಲ್ಲಿ ಕೂಲಿ ಮಾಡಿದವನು, ಹಳೆ ಕಟ್ಟಡದ ಮರ ತಂದು ಕೆರೆ ದಂಡೆಯಲ್ಲಿ ಹೆಂಡತಿಯ ಜೊತೆ ತಾನೇ ಮನೆ ಕಟ್ಟಿಕೊಂಡ. ಎಷ್ಟೋ ಸಲ ಆ ಮನೆ ನಡೆದದ್ದು ಹೆಂಡತಿಯ ಸಂಬಳದಿಂದ. ಸಾಹಿತ್ಯ ಚರಿತ್ರೆಯಲ್ಲಿ ಆ ಬಾಬ್ತು ಯಾರೂ ನಮೂದಿಸುವುದಿಲ್ಲ ನೋಡು.

ಆಲಿಸ್ ಮನ್ರೋ ಬಗ್ಗೆ ಬರೆಯೋಣ ಅಂತಿದ್ದೆ. ಮಕ್ಕಳು ನಿದ್ದೆ ಹೋದಾಗ ಸಿಗುವ ಹೊತ್ತಿನಲ್ಲಿ ಬರೆದು ನೊಬೆಲ್‌ವರೆಗೆ ಹೋದ ಹೆಂಗಸು, ನಿನಗೆ ತೋರಿಸಲು ಇದಕ್ಕಿಂತ ಬೇಕಾ ಅನಿಸಿತ್ತು. ಆದರೆ 2024ರಲ್ಲಿ ಅವರ ಕಿರಿಯ ಮಗಳು, ಚಿಕ್ಕವಳಿದ್ದಾಗ ಮಲತಂದೆ ತನ್ನ ಮೇಲೆ ಲೈಂಗಿಕ ದೌರ್ಜನ್ಯ ಮಾಡಿದ್ದನ್ನೂ, ಗೊತ್ತಾದ ಮೇಲೂ ಅಮ್ಮ ಅವನ ಜೊತೆಗೇ ಉಳಿದದ್ದನ್ನೂ ಬರೆದಳಲ್ಲ. ಅದಾದ ಮೇಲೆ ಮಗಳಿಗೆ ಬರೆಯುವ ಕಾಗದದಲ್ಲಿ ಆಕೆಯನ್ನು ಮಾದರಿ ಅಂತ ಬರೆಯಲು ಕೈ ಓಡಲಿಲ್ಲ. ಕಥೆಗಳು ಚೆನ್ನಾಗಿವೆ ಅನ್ನುತ್ತೀಯ, ಇರಬಹುದು. ಈ ಮಾತು ಇಲ್ಲಿಗೆ ಬಿಡುತ್ತೇನೆ.

ಶೂ ಡಬ್ಬಿಗೆ ವಾಪಸ್ ಬರುತ್ತೇನೆ. 1973ರಲ್ಲಿ ಲೇಖಕರೆಲ್ಲ ಸೇರಿ ರೈಟರ್ಸ್ ಯೂನಿಯನ್ ಕಟ್ಟಿಕೊಂಡರು. ಲೈಬ್ರರಿ ಒಂದು ಪ್ರತಿ ಕೊಂಡರೆ ಲೇಖಕರಿಗೆ ಒಂದೇ ಪ್ರತಿಯ ಗೌರವಧನ, ಓದುವವರು ಮಾತ್ರ ನೂರಾರು, ಇದು ಯಾವ ನ್ಯಾಯ ಅಂತ ವರ್ಷಗಟ್ಟಲೆ ಕೇಳಿದರು. ಕೊನೆಗೆ 1986ರಲ್ಲಿ ಲೈಬ್ರರಿ ಪುಸ್ತಕಗಳಿಗೆ ದುಡ್ಡು ಕೊಡುವ ಯೋಜನೆ ಬಂತು. ಎಷ್ಟು ಜನ ಓದಿದರು ಅಂತ ನೋಡುವುದಿಲ್ಲ, ಪುಸ್ತಕ ಲೈಬ್ರರಿಯ ಪಟ್ಟಿಯಲ್ಲಿ ಇದೆಯಾ ಅಂತಷ್ಟೇ ನೋಡುತ್ತಾರೆ. ಬಸ್ ಓಡಿಸುವ ಆ ಹೆಂಗಸಿಗೆ ಬಂದದ್ದು ಅದೇ. ಚಳಿಗಾಲದ ಟೈರ್ ಹಾಕಿಸುವಷ್ಟು ದುಡ್ಡು. ಆದರೆ ಆ ಸ್ಲಿಪ್ಪನ್ನು ಅವರು ಮಡಚದೆ, ಪ್ಲಾಸ್ಟಿಕ್ ಕವರಿನಲ್ಲಿ ಬೇರೆಯಾಗಿ ಇಟ್ಟುಕೊಂಡು ಬಂದಿದ್ದರು.

ಈಗ ನನ್ನ ಪ್ರಶ್ನೆಗೆ ನಾನೇ ಉತ್ತರ ಹೇಳಿಬಿಡುತ್ತೇನೆ. ಅದೇ ಯೂನಿಯನ್ 2018ರಲ್ಲಿ ಕೊಟ್ಟ ಲೆಕ್ಕದ ಪ್ರಕಾರ ಬರವಣಿಗೆಯಿಂದ ಒಬ್ಬ ಲೇಖಕರಿಗೆ ವರ್ಷಕ್ಕೆ ಸಿಗುವ ಸರಾಸರಿ ಆದಾಯ 9,380 ಡಾಲರ್. ನಿನ್ನ ಬಾಡಿಗೆಗೂ ಸಾಲದು. ಹೊಟ್ಟೆ ತುಂಬಲ್ಲ, ಪುಟ್ಟಿ. ಅದಕ್ಕೇ ನೀನು ಮೂರು ದಿನದ ಕೆಲಸ ಇಟ್ಟುಕೊಳ್ಳುತ್ತೇನೆ ಅಂದಿದ್ದು, ಅಲ್ವಾ? ನಾನು ಪೂರ್ತಿ ಕೇಳಿಸಿಕೊಳ್ಳಲೇ ಇಲ್ಲ. ನಾನು ಕೇಳಬೇಕಿದ್ದದ್ದು ಆ ಮೂರು ದಿನದ ಸಂಬಳ ಎಷ್ಟು, ಇನ್ಶೂರೆನ್ಸ್ ಇರುತ್ತಾ, ಬಾಡಿಗೆ ಎಷ್ಟು ಅಂತ. ಅದನ್ನು ಬರೆದು ಕಳಿಸು, ಬೈಯಲ್ಲ, ಸುಮ್ನೆ ಕೂಡಿ ಕಳೆದು ನೋಡುತ್ತೇನೆ.

ಯಾರಾದರೂ ಪುಸ್ತಕ ಹಾಕುತ್ತೇವೆ ಅಂತ ಒಪ್ಪಂದ ಕಳಿಸಿದರೆ ಖುಷಿಯಲ್ಲಿ ಸಹಿ ಹಾಕಬೇಡ. ಪರ್ಸೆಂಟ್ ಯಾವ ಬೆಲೆಯ ಮೇಲೆ, ಮುಂದಿನ ಪುಸ್ತಕಕ್ಕೂ ಕಟ್ಟಿಹಾಕುತ್ತಾರಾ, ಸಿನಿಮಾ ಹಕ್ಕು ಯಾರದು, ಇಷ್ಟು ನೋಡಿ ಮೊದಲು ಅಪ್ಪನಿಗೆ ಫೋಟೋ ಕಳಿಸು. ಕಾಗದ, ಪ್ರಿಂಟರ್ ಇಂಕ್, ಅಂಚೆ ಖರ್ಚು, ಯಾವ ರಸೀದಿಯನ್ನೂ ಬಿಸಾಡಬೇಡ. ಬರವಣಿಗೆಯಿಂದ ನಾಲ್ಕು ಕಾಸು ಬರತೊಡಗಿದ ದಿನ ಇವನ್ನೆಲ್ಲ ಖರ್ಚಿಗೆ ಹಾಕಬಹುದು.

ನಿಮ್ಮಮ್ಮ ಚಟ್ನಿಪುಡಿ, ಹುಣಸೆ ತೊಕ್ಕು ಕಳಿಸುತ್ತಿದ್ದಾಳೆ. ಸರಿಯಾದ ಡಬ್ಬಿ ಸಿಗದೆ ನನ್ನ ಹೊಸ ಶೂ ಡಬ್ಬಿಯಲ್ಲಿ ತುಂಬಿದ್ದಾಳೆ. ಪುಡಿ ಮುಗಿದ ಮೇಲೆ ಡಬ್ಬಿ ಒರೆಸಿ ಇಟ್ಟುಕೋ.

ನಿನ್ನ
ಅಪ್ಪ