ಭಾನುವಾರದ ಓದು: ಅಲೆಕ್ಸಾಂಡರ್ ಬೆಲ್ಯಾಯೆವ್

ಗೆಳೆಯರೇ, ಈ ಭಾನುವಾರ ಸಂಜೆ 6ಕ್ಕೆ ನಮ್ಮ ಮಾತುಕತೆ ರಷ್ಯಾದ ವೈಜ್ಞಾನಿಕ ಕಥೆಗಾರ ಅಲೆಕ್ಸಾಂಡರ್ ಬೆಲ್ಯಾಯೆವ್ ಬಗ್ಗೆ. ಹೆಸರು ಕೇಳದವರೇ ಜಾಸ್ತಿ ಇರಬಹುದು, ಅದಕ್ಕೇ ಈ ಟಿಪ್ಪಣಿ.

ಹುಟ್ಟಿದ್ದು 1884ರಲ್ಲಿ, ಸ್ಮೊಲೆನ್ಸ್ಕ್ ಊರಲ್ಲಿ. ಓದಿದ್ದು ಕಾನೂನು. ಮೂವತ್ತು ದಾಟುವ ಹೊತ್ತಿಗೆ ಬೆನ್ನುಮೂಳೆಗೆ ಕ್ಷಯ ತಗುಲಿತು. ವರ್ಷಗಟ್ಟಲೆ ಹಾಸಿಗೆ, ಮೈಗೆ ಪ್ಲಾಸ್ಟರ್. ತಲೆ ಮಾತ್ರ ಚುರುಕು, ಮೈ ಮಾತು ಕೇಳುತ್ತಿರಲಿಲ್ಲ. ಅದೇ ಅನುಭವದಿಂದ ‘ಪ್ರೊಫೆಸರ್ ಡೋವೆಲ್‌ನ ತಲೆ’ ಹುಟ್ಟಿತು. ಸತ್ತ ವಿಜ್ಞಾನಿಯ ತಲೆಯನ್ನಷ್ಟೇ ಪ್ರಯೋಗಾಲಯದಲ್ಲಿ ಜೀವಂತ ಇಟ್ಟು, ಅವನ ಬುದ್ಧಿಯನ್ನು ಸಹಾಯಕ ಕದಿಯುವ ಕಥೆ. ಹಾಸಿಗೆ ಹಿಡಿದವನೇ ಬರೆದದ್ದು ಅಂತ ಗೊತ್ತಾದ ಮೇಲೆ ಓದಿದರೆ ಮೈ ಜುಮ್ಮೆನ್ನುತ್ತದೆ.

1928ರ ‘ಉಭಯಜೀವಿ ಮನುಷ್ಯ’ ಇನ್ನೂ ಜನಪ್ರಿಯ. ಅರ್ಜೆಂಟೀನಾದ ಕಡಲು, ಶಾರ್ಕ್‌ನ ಕಿವಿರು ಜೋಡಿಸಿಕೊಂಡ ಹುಡುಗ ಇಖ್ತಿಯಾಂಡರ್. 1960ರ ದಶಕದ ಶುರುವಿನಲ್ಲಿ ಸಿನಿಮಾ ಆಗಿ ಸೋವಿಯತ್ ನಾಡಲ್ಲಿ ಭರ್ಜರಿ ಓಡಿತು. ‘ಕೆಟ್ಸ್ ನಕ್ಷತ್ರ’ ಅಂತರಿಕ್ಷ ನಿಲ್ದಾಣದ ಕಥೆ. ಕೆಟ್ಸ್ ಅಂದರೆ ರಾಕೆಟ್ ಚಿಂತಕ ಕಾನ್ಸ್ಟಾಂಟಿನ್ ಎಡ್ವರ್ಡೊವಿಚ್ ತ್ಸಿಯೊಲ್ಕೊವ್ಸ್ಕಿಯ ಹೆಸರಿನ ಮೊದಲಕ್ಷರಗಳು! 1941ರ ‘ಏರಿಯಲ್’ ಅಂತೂ ನಮ್ಮ ಪಕ್ಕದ ಮದ್ರಾಸಿನ ಕಡೆಯಿಂದಲೇ ಶುರುವಾಗುತ್ತದೆ, ಹಾರುವ ಹುಡುಗನ ಕಥೆ.

ಕೊನೆ ಮಾತ್ರ ಕರಾಳ. ಲೆನಿನ್‌ಗ್ರಾಡ್ ಹತ್ತಿರದ ಪುಷ್ಕಿನ್ ಊರು ಜರ್ಮನ್ನರ ಕೈಯಲ್ಲಿತ್ತು. ಆ ಚಳಿಗಾಲದಲ್ಲಿ, 1942ರ ಜನವರಿಯಲ್ಲಿ, ತೀರಿಕೊಂಡರು.

ಇಷ್ಟೂ ಓದಬೇಕಿಲ್ಲ, ಡೋವೆಲ್ ಒಂದು ಓದಿ ಬನ್ನಿ ಸಾಕು. ಓದಿ ಮುಗಿಸಿದವರು ದಯವಿಟ್ಟು ಕೊನೆ ಏನಾಯ್ತು ಅಂತ ಇಲ್ಲಿ ಹಾಕಬೇಡಿ. ಕಳೆದ ಸಲದ ಜಗಳ ನೆನಪಿದೆ ಅಲ್ವಾ?